ಬೈಂಡು ಹಾಕಿದ ಪುಸ್ತಕ

ಈ ಪತ್ರಿಕೆಗೆ ಹಬ್ಬದ ಅಡುಗೆ ಬರೆದು ಕಳಿಸುತ್ತಿದ್ದವಳು ನಾನು. ಈ ಸಲದ ವಿಷಯ ಬೇರೆ. ಹಿರಿಯರು ಅನ್ಯಥಾ ಭಾವಿಸಬಾರದು.

1984ರಲ್ಲಿ ನನ್ನ ಮದುವೆಯ ಹಿಂದಿನ ರಾತ್ರಿ ಅಮ್ಮ ನನ್ನ ಟ್ರಂಕಿನಲ್ಲಿ, ಸೀರೆಗಳ ಅಡಿಗೆ, ಖಾಕಿ ಕಾಗದದ ಬೈಂಡು ಹಾಕಿದ ಒಂದು ಪುಸ್ತಕ ಇಟ್ಟಳು. "ಆಮೇಲೆ ಓದಿಕೋ" ಎಂದವಳೇ ದೀಪ ಆರಿಸಿದಳು. ಅದು ಡಾ. ಅನುಪಮಾ ನಿರಂಜನರ 'ವಧುವಿಗೆ ಕಿವಿಮಾತು'. ಅಮ್ಮ ಬಾಯಿಬಿಟ್ಟು ಹೇಳಲಾರದ್ದನ್ನು ವೈದ್ಯೆಯೊಬ್ಬರು ಬರೆದಿಟ್ಟಿದ್ದರು. 2006ರಲ್ಲಿ ನನ್ನ ಮಗಳ ಪೆಟ್ಟಿಗೆಯಲ್ಲಿ ನಾನೂ ಅದನ್ನೇ ಇಟ್ಟೆ. ಪುಸ್ತಕವೂ ಅದೇ, ಮೌನವೂ ಅದೇ.

ಈಗ ನಿಲಾಯ್‌ನಲ್ಲಿ ಆ ಮಗಳ ಮನೆಯಲ್ಲಿದ್ದೇನೆ. ಮೊನ್ನೆ ಸೊಪ್ಪು ಬಿಡಿಸುತ್ತಿದ್ದಾಗ ಹದಿನಾರರ ಮೊಮ್ಮಗಳು ಪಕ್ಕಕ್ಕೆ ಬಂದು ಕೂತಳು. "ಅಜ್ಜಿ, ಮಗು ಹೇಗೆ ಹುಟ್ಟುತ್ತೆ ಅಂತ ಸ್ಕೂಲಲ್ಲಿ ಹೇಳಿಕೊಟ್ಟಿದ್ದಾರೆ. ಆದರೆ ಹೆಂಡತಿಗೆ ಬೇಡ ಅನ್ನಿಸಿದರೆ, ಬೇಡ ಅನ್ನಬಹುದಾ?"

ನನಗೆ ಮೊದಲು ಹೊಳೆದದ್ದು ಆ ಪುಸ್ತಕವೇ. ಆದರೆ ಹುಡುಗಿಗೆ ಕನ್ನಡ ಮಾತಾಡಲು ಬರುತ್ತದೆ, ಓದಲು ಬಾರದು. ನಾನೇ ಹೇಳೋಣವೆಂದರೆ ಮಾತಿಲ್ಲ. ಈ ವಿಷಯಕ್ಕೆ ನನಗೆ ಗೊತ್ತಿದ್ದ ಕನ್ನಡ ಎರಡೇ ಬಗೆ: ಬೀದಿಯ ಬೈಗುಳ, ಇಲ್ಲವೇ ಸಂಸ್ಕೃತದ ದೊಡ್ಡ ಪದ.

ಆಗ ಬೆಂಗಳೂರು ನಾಗರತ್ನಮ್ಮನವರು ನೆನಪಾದರು. ನಂಜನಗೂಡಿನಲ್ಲಿ ಹುಟ್ಟಿದ ಆ ಸಂಗೀತಗಾರ್ತಿ, ಹದಿನೆಂಟನೆಯ ಶತಮಾನದಲ್ಲಿ ತಂಜಾವೂರಿನ ಮುದ್ದುಪಳನಿ ತೆಲುಗಿನಲ್ಲಿ ಬರೆದ 'ರಾಧಿಕಾ ಸಾಂತ್ವನಮು' ಕಾವ್ಯವನ್ನು 1910ರಲ್ಲಿ ಅಚ್ಚು ಹಾಕಿಸಿದರು. ಹೆಣ್ಣಿನ ಆಸೆಯನ್ನು ಹೆಣ್ಣೇ ಬರೆದದ್ದು ಅಶ್ಲೀಲವೆನಿಸಿತು; ಬ್ರಿಟಿಷ್ ಸರ್ಕಾರ ಪುಸ್ತಕವನ್ನು ನಿಷೇಧಿಸಿತು. ನಾಚಿಕೆ ಎನ್ನುವುದು ಹೆಂಗಸರಿಗೆ ಮಾತ್ರವೇ, ಗಂಡಸರಿಗಿಲ್ಲವೇ ಎಂದು ನಾಗರತ್ನಮ್ಮ ಕೇಳಿದ್ದರು. ನಿಷೇಧ ತೆರವಾದದ್ದು 1947ರಲ್ಲಿ. ನಮ್ಮ ಮನೆಯ ನಿಷೇಧ ಮಾತ್ರ ಇನ್ನೂ ತೆರವಾಗಿರಲಿಲ್ಲ.

"ಅನ್ನಬಹುದು" ಎಂದೆ. "ಬೇಕು ಅಂತಲೂ ಅನ್ನಬಹುದು."

"ನೀನು ಅಂದಿದ್ದೀಯಾ ಅಜ್ಜಿ?"

"ಇಲ್ಲ ಕಂದಾ. ಪುಸ್ತಕ ಓದಿದ್ದೆ, ಬಾಯಿ ಬರಲಿಲ್ಲ."

ಒಲೆಯ ಮುಂದಿದ್ದ ಮಗಳು ಉರಿ ಸಣ್ಣ ಮಾಡಿ ಬಂದು ನಮ್ಮ ಜೊತೆ ನೆಲದ ಮೇಲೆ ಕೂತಳು. "ನನಗೂ ಇದನ್ನು ಯಾರೂ ಹೇಳಲಿಲ್ಲ" ಎಂದಳು, ನನ್ನ ಮುಖ ನೋಡದೆ. ಆ ಮಾತು ಚುಚ್ಚಿತು, ತಪ್ಪು ನನ್ನದೇ. ಆ ದಿನ ಸಾರು ಆಗುವಾಗ ಎರಡು ಗಂಟೆ.

ಸಂಘದ ಪ್ರತಿ ಸಭೆಯಲ್ಲೂ ಮಕ್ಕಳೊಡನೆ ಮನೆಯಲ್ಲಿ ಕನ್ನಡ ಆಡಿರೆಂದು ನಾವೆಲ್ಲ ಹೇಳುತ್ತೇವೆ. ಸೋದರಿಯರೇ, ಈ ಮಾತನ್ನೂ ಕನ್ನಡದಲ್ಲೇ ಆಡೋಣ. ಪುಸ್ತಕ ಕೊಟ್ಟು ದೀಪ ಆರಿಸಿದರೆ ಸಾಲದು.