ಹಾಲ್ ಟಿಕೆಟ್ಟಿನ ಮಳೆಗಾಲ

ಆಗ ನಾವು ಚೆನ್ನೈನ ತಿರುವೊಟ್ಟಿಯೂರಿನ ತೇರಡಿ ಹತ್ತಿರ ಬಾಡಿಗೆಗಿದ್ದೆವು. ಒಂದು ಕಡೆ ತ್ಯಾಗರಾಜಸ್ವಾಮಿ ಗುಡಿಯ ಗಂಟೆ, ಇನ್ನೊಂದು ಕಡೆ ಎಣ್ಣೂರು ರಸ್ತೆಯ ಕಂಟೇನರ್ ಲಾರಿಗಳ ಹಾರನ್ನು. ಮೆಟ್ರೋ ಇನ್ನೂ ಬಂದಿರಲಿಲ್ಲ. ವರ್ಷ ಮಾತ್ರ ಕೇಳಬೇಡಿ.

ಮಹಡಿ ಮನೆಯವರು ಕೋಲಾರದ ಕಡೆಯವರು. ಅಪ್ಪ ಫ್ಯಾಕ್ಟರಿಯಲ್ಲಿ ಶಿಫ್ಟು, ಮಗ ಇಂಜಿನಿಯರಿಂಗು. ಆ ಸಲ ಹುಡುಗನಿಗೆ ಕಾಮಾಲೆ ಹತ್ತಿಕೊಂಡಿತು. ಆ ತಾಯಿ ನೆಲನೆಲ್ಲಿ ಅರೆದು ಮಜ್ಜಿಗೆಗೆ ಕಲಸಿ ಕುಡಿಸೋದು, ಉಪ್ಪಿಲ್ಲದ ಗಂಜಿ ನೋಡಿ ಅವನು ಮುಖ ತಿರುಗಿಸೋದು, ಮೂರು ವಾರವೋ ನಾಲ್ಕೋ ಇದೇ ನಡೆಯಿತು. ಬೀದಿಯವರೆಲ್ಲ ಒಂದೊಂದು ಮದ್ದು ಹೇಳಿದರು. ಡಾಕ್ಟರ ಸರ್ಟಿಫಿಕೇಟು ಜೋಪಾನ ಮಾಡಿದ್ದು ಅಪ್ಪ ಒಬ್ಬರೇ.

ಪರೀಕ್ಷೆ ಹತ್ತಿರ ಬಂದಾಗ ನೋಟಿಸ್ ಬೋರ್ಡಿನಲ್ಲಿ ಹಾಲ್ ಟಿಕೆಟ್ ಸಿಗದವರ ಪಟ್ಟಿಯಲ್ಲಿ ಹುಡುಗನ ಹೆಸರು ಬಂತು. ಹಾಜರಿ ನೂರಕ್ಕೆ 75 ಇರಬೇಕು. ಕಾಯಿಲೆ ಬಿದ್ದವರಿಗೆ 65ರ ತನಕ ದಂಡ ಕಟ್ಟಿಸಿಕೊಂಡು ಬಿಡುತ್ತಾರೆ. ಇವನದು 64! ಸಿನಿಮಾಕ್ಕೆ ಹೋದವನಿಗೂ ಹಾಸಿಗೆ ಹಿಡಿದವನಿಗೂ ರಿಜಿಸ್ಟರಿನಲ್ಲಿ ಬೀಳೋದು ಒಂದೇ ಸೊನ್ನೆ. ಕಾಲೇಜಿನವರು ಆಗದು ಅಂತ ಕೈ ಅಲ್ಲಾಡಿಸಿಬಿಟ್ಟರು.

ಪ್ಯಾರಿಸ್ ಕಾರ್ನರಿನಲ್ಲಿ ಉಡುಪಿ ಕಡೆಯ ವಕೀಲರೊಬ್ಬರಿದ್ದರು. ಬಿಸಿಲಿಗೂ ಕೊಡೆ, ಮಾತುಮಾತಿಗೂ ನಸ್ಯ. ಅವರ ಹತ್ತಿರ ಅಪ್ಪ, ಮಗ, ಜೊತೆಗೆ ನಾನು. ದಾರಿಯುದ್ದಕ್ಕೂ ಐಪ್ಪಸಿ ತಿಂಗಳ ಮಳೆ. ತೊಂಡೈಯಾರ್‌ಪೇಟೆಯಲ್ಲಿ ಬಸ್ಸಿನ ಮೆಟ್ಟಿಲ ತನಕ ನೀರು. ಅಪ್ಪ ಸರ್ಟಿಫಿಕೇಟನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಬನಿಯನ್ನಿನೊಳಗೆ ಇಟ್ಟುಕೊಂಡಿದ್ದರು. ಕಕ್ಷಿದಾರ ಒದ್ದೆ, ದಾಖಲೆ ಒಣ.

ವಕೀಲರು ಆಸೆ ತೋರಿಸಲಿಲ್ಲ. "ಹಾಜರಿ ವಿಷಯಕ್ಕೆ ಕೋರ್ಟು ಕೈ ಹಾಕೋದೇ ಕಡಿಮೆ ಮಾರಾಯ್ರೆ. ಓದಿಸೋರ ನಿಯಮ ಓದಿಸೋರಿಗೇ ಬಿಡ್ತಾರೆ" ಅಂದರು. ಆಮೇಲೆ ಒಂದು ಚಿಟಿಕೆ ನಸ್ಯ ಏರಿಸಿ, ಕುರುಕ್ಷೇತ್ರದ ಕಥೆ ತೆಗೆದರು. ಮಹಾಭಾರತದ್ದಲ್ಲ, ಆ ಊರಿನ ವಿಶ್ವವಿದ್ಯಾಲಯದ್ದು. ನೌಕರಿ ಮಾಡುತ್ತ ಕಾನೂನು ಓದುತ್ತಿದ್ದ ಶ್ರೀಕೃಷ್ಣನ್ ಎಂಬುವರನ್ನು ಪರೀಕ್ಷೆಗೆ ಕೂರಿಸಿ, ಆಮೇಲೆ ಹಾಜರಿ ಸಾಲದು ಅಂತ ತಗಾದೆ ತೆಗೆದರಂತೆ. ನೋಡುವುದಿದ್ದರೆ ಕೂರಿಸುವ ಮೊದಲೇ ನೋಡಬೇಕಿತ್ತು ಅಂತ ಸುಪ್ರೀಂ ಕೋರ್ಟು 1975ರಲ್ಲಿ ಹೇಳಿತು. "ನಿಮ್ಮ ಕಾಲೇಜು ಮೊದಲೇ ನೋಡಿಬಿಟ್ಟಿದೆ, ಅದೇ ತೊಂದರೆ."

ಆದರೂ ರಿಟ್ ಹಾಕಿದರು. ಹಿಂದೆ ಹಡಗುಗಳಿಗೆ ದೀಪ ತೋರಿಸುತ್ತಿದ್ದ ಗೋಪುರದ ಕೆಂಪು ಹೈಕೋರ್ಟು. ನಮ್ಮ ಕೇಸು ಕರೆದದ್ದೂ ಮುಗಿದದ್ದೂ ನನಗೆ ಸರಿಯಾಗಿ ಗೊತ್ತಾಗಲಿಲ್ಲ. ಮಧ್ಯಂತರ ಆದೇಶ ಬಂತು: ಪರೀಕ್ಷೆ ಬರೆಯಲಿ, ಫಲಿತಾಂಶ ತಡೆಹಿಡಿಯಿರಿ, ಇಷ್ಟಕ್ಕೇ ಹುಡುಗನಿಗೆ ಹಕ್ಕೇನೂ ಹುಟ್ಟುವುದಿಲ್ಲ. ಮೂರನೆಯ ಮಾತು ಯಾರ ಕಿವಿಗೂ ಬೀಳಲಿಲ್ಲ. ಬರ್ಮಾ ಬಜಾರಿನ ಹತ್ತಿರ ನಿಂತು ಹುಣಿಸೆರಸ, ಹುರಿದ ಬೆಳ್ಳುಳ್ಳಿ ಹಾಕಿದ ಅತ್ತೋ ತಿಂದೆವು. ಕಾಮಾಲೆ ಹುಡುಗ ಬಾಳೆದಿಂಡಿನ ಸೂಪು ಮಾತ್ರ ಕುಡಿದ. ಆ ಕಿತ್ತಳೆ ಬಣ್ಣದ ನೂಡಲ್ಸನ್ನು ಅವನು ನೋಡಿದ ನೋಟ ಇನ್ನೂ ಕಣ್ಣಿಗೆ ಕಟ್ಟಿದೆ.

ಅಂದಹಾಗೆ, 2025ರ ನವೆಂಬರಿನಲ್ಲಿ ದೆಹಲಿ ಹೈಕೋರ್ಟು, ಹಾಜರಿ ಕಡಿಮೆ ಅಂತ ಕಾನೂನು ವಿದ್ಯಾರ್ಥಿಗಳನ್ನು ಪರೀಕ್ಷೆಯಿಂದ ತಡೆಯಬಾರದು ಅಂದಿತು. ಹಾಜರಿ ಸಾಲದೆ ಪರೀಕ್ಷೆ ತಪ್ಪಿ ಪ್ರಾಣ ಕಳೆದುಕೊಂಡ ಒಬ್ಬ ವಿದ್ಯಾರ್ಥಿಯ ಪ್ರಕರಣ ಅದು. ಅಂಕ ಕಡಿಮೆ ಮಾಡಿ ಬೇಕಾದರೆ, ಬಾಗಿಲು ಮುಚ್ಚಬೇಡಿ ಅನ್ನುವುದು ತೀರ್ಪಿನ ಧಾಟಿ. ತರಗತಿಗೆ ಹೋಗಲೇಬೇಕು ಅನ್ನುವವನೇ ನಾನೂ. ಆದರೆ ಕಾಯಿಲೆಯವನ ಒಂದು ಪರ್ಸೆಂಟಿಗೆ ಒಂದು ವರ್ಷ ಕಿತ್ತುಕೊಳ್ಳುವುದು ಯಾವ ಲೆಕ್ಕ?

ನಮ್ಮ ಹುಡುಗನ ಫಲಿತಾಂಶ ಬಹಳ ತಡವಾಗಿ, ಇನ್ನೊಂದು ಆದೇಶದ ಮೇಲೆ ಹೊರಬಿತ್ತು. ಪಾಸು. ಮೂಲ ಅರ್ಜಿ ವಿಚಾರಣೆಗೆ ಬರುವಷ್ಟರಲ್ಲಿ ಅವನು ಕೆಲಸಕ್ಕೆ ಸೇರಿಯಾಗಿತ್ತು. ಈಗ ತೀರ್ಮಾನಿಸಲು ಏನೂ ಉಳಿದಿಲ್ಲವೆಂದು ಮುಕ್ತಾಯ ಮಾಡಿದರು. "ಹಂಗಾರೆ ನಾವು ಗೆದ್ವಾ, ಸೋತ್ವಾ?" ಅಂತ ಆ ತಾಯಿ ಕೇಳಿದರು. ವಕೀಲರು ನಸ್ಯದ ಡಬ್ಬಿ ಹುಡುಕುತ್ತ, "ಬಾಕಿ ಫೀಜು ಇದೆಯಮ್ಮ" ಅಂದರು.