ಅಧಿಕಪ್ರಸಂಗಿ ಮೂಳೆ

ದೇಹದ ಅಂಗಗಳಲ್ಲಿ ಮೂಳೆಗೆ ಒಂದು ಮರ್ಯಾದೆಯುಂಟು. ಹೊಟ್ಟೆ ಹೊತ್ತಲ್ಲದ ಹೊತ್ತಿನಲ್ಲಿ ಕೂಗುತ್ತದೆ. ಎದೆ ಕಾರಣವಿಲ್ಲದೆ ಡವಡವಗುಟ್ಟುತ್ತದೆ. ಮೂಳೆ ಮಾತ್ರ ಇದ್ದಲ್ಲೇ ಇದ್ದು ಮೈಭಾರ ಹೊರುತ್ತದೆ. ಇಂಥ ಸಂಭಾವಿತನೂ ಒಮ್ಮೊಮ್ಮೆ ಕರೆಯದ ಮನೆಗೆ ಹೋಗಿ ಕುಳಿತುಬಿಡುತ್ತಾನೆಂದರೆ ನಂಬುವಿರಾ? ಬಲವಾದ ಪೆಟ್ಟು ಬಿದ್ದ ಮಾಂಸಖಂಡದೊಳಗೇ ಮೂಳೆ ಬೆಳೆಯುವುದುಂಟು. ವೈದ್ಯರು ಇದನ್ನು ‘ಮಯೋಸೈಟಿಸ್ ಆಸಿಫಿಕನ್ಸ್’ ಎನ್ನುತ್ತಾರೆ. ಹೆಸರು ಕೇಳಿದರೇ ಅರ್ಧ ಜೀವ ಹೋಗುತ್ತದೆ. ಕಾಯಿಲೆ ಅಷ್ಟು ಕೆಟ್ಟದ್ದಲ್ಲ.

ಆಗುವುದಿಷ್ಟು. ಪೆಟ್ಟು ಬಿದ್ದ ಕಡೆ ಒಳಗೇ ರಕ್ತ ಮಡುಗಟ್ಟುತ್ತದೆ. ಸಾಧಾರಣವಾಗಿ ಅದು ಕರಗಿಹೋಗುತ್ತದೆ. ಕೆಲವರಲ್ಲಿ ಮಾತ್ರ, ರಿಪೇರಿಗೆಂದು ಬಂದ ಜೀವಕೋಶಗಳು ಬಂದ ಕೆಲಸ ಮರೆತು ಮೂಳೆ ಕಟ್ಟಲು ತೊಡಗುತ್ತವೆ. ಮೂರು ನಾಲ್ಕು ವಾರಗಳಲ್ಲಿ ಎಕ್ಸ್‌ರೇಯಲ್ಲಿ ಮೋಡದಂಥ ನೆರಳು ಕಾಣಿಸುತ್ತದೆ. ಮೊದಲು ಅಂಚು ಗಟ್ಟಿಯಾಗುತ್ತದೆ, ನಡು ಆಮೇಲೆ. ತೊಡೆ, ಮೊಣಕೈಯ ಮುಂಭಾಗ ಇದಕ್ಕೆ ಪ್ರಿಯವಾದ ತಾಣಗಳು. ಕುದುರೆ ಸವಾರರ ಒಳತೊಡೆಯಲ್ಲಿ ಬೆಳೆಯುವುದಕ್ಕೆ ಹಿಂದಿನ ವೈದ್ಯರು ‘ಸವಾರನ ಮೂಳೆ’ ಎಂದೇ ಹೆಸರಿಟ್ಟಿದ್ದರು.

ನಮ್ಮ ತಂಗಿಯ ಮಗ ಕುದುರೆ ಏರಿದವನಲ್ಲ, ಸೀಬೆಮರ ಏರಿದ್ದ. ಬಿದ್ದು ಮೊಣಕೈ ಕೀಲು ತಪ್ಪಿತು. ಆಸ್ಪತ್ರೆಯಲ್ಲಿ ಕೀಲು ಕೂಡಿಸಿ ಕಟ್ಟು ಹಾಕಿ ಕಳಿಸಿದರು. ಕಟ್ಟು ಬಿಚ್ಚಿದ ಮೇಲೂ ಕೈ ಸರಿಯಾಗಿ ಚಾಚಲಾಗದಿದ್ದಾಗ ಅವನ ಅಜ್ಜಿ, ಎಂದರೆ ನಮ್ಮ ಅಮ್ಮ, ಸುಮ್ಮನಿದ್ದಾರೆಯೆ? “ಎಣ್ಣೆ ಹಾಕಿ ನೀವಿಸಿದರೆ ನಾಲ್ಕು ದಿನದಲ್ಲಿ ಸರಿಹೋಗುತ್ತೆ ಕಣೇ” ಎಂದು ತಂಗಿಗೆ ಹೇಳಿ, ನೀವುವವನೊಬ್ಬನನ್ನು ಕರೆಸಿದರು. ಆತ ಎಳ್ಳೆಣ್ಣೆ ಕಾಯಿಸಿ ಹದಿನೈದು ದಿನ ತಿಕ್ಕಿದ, ಎಳೆದ. ಹುಡುಗ ಕಿರುಚಿದಷ್ಟೂ ಮದ್ದು ನಾಟುತ್ತಿದೆಯೆಂದು ಅಮ್ಮನಿಗೆ ಸಮಾಧಾನ. ತಿಂಗಳು ತುಂಬುವ ವೇಳೆಗೆ ಮೊಣಕೈಯಲ್ಲಿ ಅಡಕೆ ಗಾತ್ರದ ಗಂಟು. ಕೈ ಅತ್ತ ಚಾಚದು, ಇತ್ತ ಮಡಿಚದು. ತುತ್ತು ಬಾಯಿಗೆ ಮುಟ್ಟದು. ಪಕ್ಕದ ಮನೆಯವರು ಮೆಲ್ಲಗೆ ಕ್ಯಾನ್ಸರ್ ಎಂಬ ಮಾತೆತ್ತಿದ ಮೇಲೆ ತಂಗಿಗೂ ಊಟ ಸೇರಲಿಲ್ಲ.

ಸರ್ಜನ್ ಎಕ್ಸ್‌ರೇಯನ್ನು ಬೆಳಕಿಗೆ ಹಿಡಿದು ನೋಡಿದರು. “ಭಯ ಬೇಡಮ್ಮ. ಎಳಸಾಗಿರುವಾಗ ಇದರ ಚೂರು ತೆಗೆದು ಪರೀಕ್ಷೆಗೆ ಕೊಟ್ಟರೆ ಬಲ್ಲವರೂ ಕ್ಯಾನ್ಸರ್ ಎಂದು ಭ್ರಮಿಸಿಯಾರು. ಅಂಚು ಗಟ್ಟಿಯಾಗಿದೆ ನೋಡಿ, ಅದೇ ಇದರ ಗುರುತು.”

“ಹಾಗಾದರೆ ಕತ್ತರಿಸಿ ತೆಗೆದುಬಿಡಿ ಡಾಕ್ಟರೆ.”

“ಈಗ ಕೈಹಾಕಿದರೆ ಮತ್ತೆ ಬೆಳೆಯುತ್ತೆ. ಬಲಿಯುವುದಕ್ಕೆ ಆರು ತಿಂಗಳು, ವರ್ಷ ಬೇಕು. ತಾನಾಗಿ ಕುಗ್ಗಿದರೂ ಕುಗ್ಗಬಹುದು. ನೋವಾಗದಷ್ಟು ಕೈಯನ್ನು ಹುಡುಗನೇ ಆಡಿಸಲಿ; ಇನ್ನೊಬ್ಬರು ತಿಕ್ಕಕೂಡದು, ಎಳೆಯಕೂಡದು.” ಆಮೇಲೆ ಅಮ್ಮನ ಮುಖ ನೋಡಿ, “ತಿಕ್ಕಿದ್ದರಿಂದಲೇ ಬಂತೆಂದು ಹೇಳಲಾರೆ. ಪೆಟ್ಟೊಂದೇ ಸಾಕು. ತಿಕ್ಕಿದರೆ ಹೆಚ್ಚುತ್ತದೆ, ಅಷ್ಟೆ” ಎಂದರು.

ಏನೂ ಮಾಡದೆ ಕಾಯುವುದು: ನಮ್ಮ ಮನೆಗಳಲ್ಲಿ ಇದಕ್ಕಿಂತ ಕಹಿಯಾದ ಕಷಾಯವಿಲ್ಲ. ನಮ್ಮ ಹಿರಿಯರ ಪ್ರೀತಿಯೆಲ್ಲ ಅಂಗೈಯಲ್ಲಿದೆ. ಕೂಸಿಗೆ ಎಣ್ಣೆ ನೀರು, ಬಾಣಂತಿಗೆ ಎಣ್ಣೆ ನೀರು. ಮುಟ್ಟದೆ ಮಮತೆ ತೋರುವ ವಿದ್ಯೆ ಅವರಿಗೆ ಯಾರು ಕಲಿಸಿದ್ದಾರೆ? ಹುಡುಗ ಗೋಡೆಗೆ ಬೆರಳೂರಿ ಕೈಯಾಡಿಸುತ್ತಿದ್ದರೆ, ಅಮ್ಮ ಎರಡು ಕೈಗಳನ್ನೂ ಸೆರಗಿನಲ್ಲಿ ಸುತ್ತಿಕೊಂಡು ಪಕ್ಕದಲ್ಲಿ ಕೂತಿರುತ್ತಿದ್ದರು. ಹತ್ತು ತಿಂಗಳಿಗೆ ಗಂಟು ಅರ್ಧಕ್ಕಿಳಿಯಿತು. ತುತ್ತು ಬಾಯಿಗೆ ಮುಟ್ಟುತ್ತದೆ. ಕೈ ಮಾತ್ರ ಪೂರ್ತಿ ನೆಟ್ಟಗಾಗಿಲ್ಲ.

1892ರಲ್ಲಿ ಜಾವಾ ದ್ವೀಪದ ಟ್ರಿನಿಲ್‌ನಲ್ಲಿ ಯುಜೀನ್ ದುಬ್ವಾ ಎಂಬ ಡಚ್ ವೈದ್ಯನಿಗೆ ಸಿಕ್ಕಿದ ಆದಿಮಾನವನ ತೊಡೆಮೂಳೆಯ ಮೇಲೂ ಇಂಥದೊಂದು ಅಧಿಕ ಬೆಳವಣಿಗೆಯಿದೆ. ಪೆಟ್ಟಿನಿಂದ ಆದದ್ದಿರಬೇಕೆಂದು ಹಲವು ಪಂಡಿತರ ಊಹೆ. ಅಷ್ಟು ಬಲಿತಿರುವುದನ್ನು ನೋಡಿದರೆ, ಅದಾದ ಮೇಲೂ ಆ ಪುಣ್ಯಾತ್ಮ ಬಹಳ ಕಾಲ ಬದುಕಿದ್ದನೆಂದು ತೋರುತ್ತದೆ. ಇದನ್ನು ಅಮ್ಮನಿಗೆ ಓದಿ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, “ಪಾಪ, ಅವನಿಗೆ ಅಜ್ಜಿ ಇದ್ದಳೋ ಇಲ್ಲವೋ” ಎಂದರು.