ಬೈಲಕುಪ್ಪೆಯ ಬಳಸುಕುಣಿತ

ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆಗಳ ಸೀಮೆಯಲ್ಲಿ ಬೆಳೆದ ನಮಗೆ ಕೋಲಾಟವೂ ಕಂಸಾಳೆಯೂ ಹೊಸವಲ್ಲ. ಶಾಲೆಯ ವಾರ್ಷಿಕೋತ್ಸವದಲ್ಲಿ ನಾವೂ ಕೋಲು ಹಿಡಿದವರೇ. ಆದರೆ ಆಗ ನಮ್ಮ ಕಣ್ಣೆಲ್ಲ ಮುಂದಿನ ಸಾಲಿನ ಕುರ್ಚಿಗಳ ಮೇಲೆಯೇ! ನೋಡುವವರೆಂಬ ಬೇರೆ ಗುಂಪೇ ಬೇಡದ ಕುಣಿತವನ್ನು ನಾವು ಕಂಡುದು ಬೈಲಕುಪ್ಪೆಯ ಟಿಬೆಟಿನವರಲ್ಲಿ. ಅವರು ಅದನ್ನು ಗೋರ್ಶೆ ಎನ್ನುವರು. ದುಂಡಾಗಿ ನಿಂತು ಹಾಡುತ್ತ ಆಡುವ ನೃತ್ಯವದು.

ಈ ಜನರು ಇಲ್ಲಿಗೆ ಬಂದ ವೃತ್ತಾಂತವನ್ನು ನಮ್ಮ ಹಿರಿಯರು ಬಲ್ಲರು. ೧೯೫೯ರಲ್ಲಿ ದಲೈಲಾಮಾ ಅವರು ಭಾರತಕ್ಕೆ ಬರಲು, ಸಹಸ್ರಾರು ಮಂದಿ ಅವರ ಹಿಂದೆಯೇ ಹಿಮಾಲಯವನ್ನು ದಾಟಿದರು. ಆಗಿನ ಮೈಸೂರು ಸರ್ಕಾರವು ಬೈಲಕುಪ್ಪೆಯ ಬಳಿ ಸುಮಾರು ೩,೦೦೦ ಎಕರೆ ನೆಲವನ್ನು ಕೊಟ್ಟಿತು. ೧೯೬೦ರ ಕೊನೆಯಲ್ಲಿ ಮೊದಲ ತಂಡದವರು ಬಂದು, ಡೇರೆಗಳಲ್ಲಿದ್ದು, ಕಾಡು ಕಡಿದು, ಆನೆಗಳಿಗಂಜುತ್ತ ಮುಸುಕಿನ ಜೋಳವನ್ನು ಬೆಳೆದರು. ೧೯೬೯ರಲ್ಲಿ ಅಲ್ಲಿಯೇ ಎರಡನೆಯ ಕ್ಯಾಂಪೂ, ೧೯೭೨ರಲ್ಲಿ ಹುಣಸೂರಿನ ಗುರುಪುರದಲ್ಲಿ ಇನ್ನೊಂದೂ ಆದುವು.

ಅವರ ಹೊಸವರ್ಷವಾದ ಲೋಸರ್ ಹಬ್ಬದಲ್ಲಿ ನಾವು ಕೆಲವರು ಹಳೆಯ ವಿದ್ಯಾರ್ಥಿನಿಯರು ಅಲ್ಲಿಗೆ ಹೋಗಿದ್ದೆವು. ಉದ್ದ ತೋಳಿನ ಚುಬಾ ತೊಟ್ಟ ಗಂಡಸರು ಹಾಡಿನ ಒಂದು ನುಡಿಯನ್ನೆತ್ತುವರು. ಪಟ್ಟೆಪಟ್ಟೆಯ ಪಾಂಗ್ದೆನ್ ಕಟ್ಟಿದ ಗೃಹಿಣಿಯರು ಅದನ್ನು ಮರಳಿಸುವರು. ಹೆಜ್ಜೆಗಳು ನಿಧಾನವಾಗಿ ಪ್ರದಕ್ಷಿಣೆಯಾಗಿಯೇ ಸಾಗುವುವು. ಸ್ವದೇಶದಲ್ಲಿ ಖಾಮ್, ಆಮ್ದೊ, ಊ-ಚಾಂಗ್ ಎಂಬ ಸೀಮೆಗಳಿಗೆ ತಮ್ಮತಮ್ಮ ಹಾಡು ಕುಣಿತಗಳಿದ್ದುವು. ಒಂದಕ್ಕೊಂದು ಬಹುದೂರದ ನಾಡುಗಳವು. ಇಲ್ಲಿಯಾದರೋ ಮೂರು ಸೀಮೆಯವರ ಮಕ್ಕಳೂ ಒಂದೇ ಬಳಸಿನಲ್ಲಿ ನಿಂತು ಎಲ್ಲರ ಹಾಡನ್ನೂ ಹಾಡುವರು. ನಾಡು ಕಳೆದುಕೊಂಡುದರಿಂದಲೇ ಅವರಿಗೆ ದೊರೆತ ಒಂದು ಸಂಪತ್ತು ಇದೆಂದು ನಮಗೆ ತೋರಿತು. ತಮ್ಮದೆಂಬ ರಾಜ್ಯವಿಲ್ಲದ ಕುರ್ದರೂ ನೌರೋಜಿನ ದಿನ ಹೀಗೆಯೇ ಕೈಕೈ ಹಿಡಿದು ಸಾಲಾಗಿ ಕುಣಿಯುವರಷ್ಟೆ.

ಬದಿಯಲ್ಲಿ ನಿಂತ ನಮ್ಮನ್ನು ಕಂಡು ವೃದ್ಧೆಯೊಬ್ಬರು, "ಯಾಕಮ್ಮ ಸುಮ್ನೆ ನಿಂತಿದೀರ, ಬನ್ನಿ" ಎಂದು ಸಂತೆಯ ಕನ್ನಡದಲ್ಲಿ ಕರೆದು ಕೈನೀಡಿದರು. ಮೂರು ಸುತ್ತು ಬರುವಷ್ಟರಲ್ಲಿ ನಮಗೂ ಹೆಜ್ಜೆ ಹತ್ತಿತು. ದಣಿವಾರಿಸಿಕೊಳ್ಳುವಾಗ ಆಕೆ ಹೇಳಿದರು: ಹಿಂದೆ ಈ ಬಯಲು ಸಾಲದೆ ಬಳಸಿನೊಳಗೆ ಇನ್ನೊಂದು ಬಳಸು ಕಟ್ಟುತ್ತಿದ್ದರಂತೆ. ಈಗ ಪ್ರಾಯದವರು ಯೂರೋಪು, ಅಮೆರಿಕ, ಕೆನಡಾ ಎಂದು ಹೊರಟುಹೋಗುತ್ತಿರುವರು. ಶಾಲೆಗಳಲ್ಲಿ ಮಕ್ಕಳೂ ಕಡಿಮೆ. ಆಕೆಯ ಮಗನೂ ಸೊಸೆಯೂ ಹೋದವರಲ್ಲಿ ಸೇರಿದ್ದರು.

ಮತ್ತೆ ಹಾಡು ಎದ್ದಾಗ ಆಕೆಯ ಮೊಮ್ಮಗಳು ಒಂದು ಕೈಯಿಂದ ಮೊಬೈಲನ್ನು ಎತ್ತಿ ಹಿಡಿದು ದೂರದ ತಂದೆತಾಯಿಗಳಿಗೆ ಕುಣಿತವನ್ನು ತೋರಿಸುತ್ತಿದ್ದಳು. ಇನ್ನೊಂದು ಕೈ ಅಜ್ಜಿಯ ಕೈಯೊಳಗಿತ್ತು.